ಅರ್ಧ ಗಂಟೆಯ ಹೊಳಪು

ಉಕ್ಕಿಗೆ ಹೊಳಪು ಕೊಡುವುದರಲ್ಲಿ ನನ್ನನ್ನು ಮೀರಿಸುವವನು ಇನ್ನೂ ಹುಟ್ಟಿಲ್ಲ. ಹುಟ್ಟಿದ್ದರೂ ನನ್ನ ಕೆಲಸ ನೋಡಿ, ನಾಚಿಕೊಂಡು, ಬೇರೆ ಕಸುಬು ಹಿಡಿದಿರಬೇಕು. ನಾನು ಉಜ್ಜಿದ ಜಾಗದ ಮೇಲೆ ಕೂತ ನೊಣವೊಂದು ಜಾರಿ ಬಿದ್ದು ಸೊಂಟ ಮುರಿದುಕೊಂಡದ್ದನ್ನು ಕಣ್ಣಾರೆ ಕಂಡಿದ್ದೇನೆ. ಒಂದು ಕಾರ್ಖಾನೆಯಲ್ಲಿ, ಮದುವೆ ಗೊತ್ತಾಗಿದ್ದ ಫಿಟ್ಟರ್ ಒಬ್ಬ ನಾನು ಹೊಳಪಿಸಿದ ಪೈಪಿನಲ್ಲಿ ತನ್ನ ಮುಖ ನೋಡಿಕೊಂಡು, ತಾನು ಇಷ್ಟು ಚೆಲುವನೆಂದು ಯಾರೂ ಹೇಳಿರಲೇ ಇಲ್ಲವಲ್ಲ ಎಂದು ಮದುವೆಯನ್ನು ಆರು ತಿಂಗಳು ಮುಂದೂಡಿದ. ಇವೆರಡರಲ್ಲಿ ನೊಣದ ಕಥೆ ಬೇಕಾದರೆ ನಂಬಬೇಡಿ.

ನಮ್ಮ ಕೆಲಸ ಇಷ್ಟು. ದೊಡ್ಡ ಬಾಯ್ಲರ್‌ಗಳಿಂದ ಹೊರಡುವ ಹಬೆಯ ಪೈಪು, ಕೆಂಪಗಾಗುವುದಕ್ಕೆ ತುಸುವೇ ಕಡಿಮೆ ಎನ್ನುವಷ್ಟು ಬಿಸಿಯಲ್ಲಿ, ಒಳಗಿನ ಒತ್ತಡವನ್ನು ತಡೆದುಕೊಂಡು ಇಪ್ಪತ್ತು ಮೂವತ್ತು ವರ್ಷ ದುಡಿಯುತ್ತದೆ. ಹೊರಗಿನಿಂದ ನೋಡಿದರೆ ಗಟ್ಟಿಮುಟ್ಟು. ಒಳಗೆ ಉಕ್ಕು ಸಕ್ಕರೆಯಂತೆ ಹರಳು ಹರಳಾಗಿ ಕೂಡಿಕೊಂಡಿರುತ್ತದೆ. ವರ್ಷಗಟ್ಟಲೆ ಬಿಸಿಗೂ ಎಳೆತಕ್ಕೂ ಸೋತ ಮೇಲೆ ಆ ಹರಳುಗಳ ಅಂಚಿನಲ್ಲಿ ತೂತು ಹುಟ್ಟುತ್ತವೆ. ತೂತು ಎಂದರೆ ಒಂದು ತಲೆಗೂದಲನ್ನು ಉದ್ದಕ್ಕೆ ಐವತ್ತು ಎಳೆಯಾಗಿ ಸೀಳಿದರೆ, ಒಂದು ಎಳೆಯ ದಪ್ಪ. ಒಂದು ತೂತಿನಿಂದ ಯಾರಿಗೂ ಏನೂ ಆಗುವುದಿಲ್ಲ. ಅವು ಸಾಲುಗಟ್ಟಿ, ಒಂದಕ್ಕೊಂದು ಕೂಡಿ, ಬಿರುಕಾಗಿ, ಒಂದು ದಿನ ಪೈಪು ಬಾಯಿಬಿಡುತ್ತದೆ. ಆ ಹೊತ್ತಿನಲ್ಲಿ ಅದರ ಕೆಳಗೆ ನಿಂತವನಿಗೆ ಓಡಬೇಕೆಂದು ಹೊಳೆಯುವಷ್ಟೂ ಸಮಯ ಸಿಗುವುದಿಲ್ಲ.

ಪೈಪನ್ನು ಕತ್ತರಿಸಿ ತಂದು ಸೂಕ್ಷ್ಮದರ್ಶಕದ ಕೆಳಗೆ ಇಡಲಾಗುವುದಿಲ್ಲವಲ್ಲ. ಆದ್ದರಿಂದ ರಿಪೇರಿಗೆಂದು ಬಾಯ್ಲರ್ ಆರಿಸಿದ ದಿನಗಳಲ್ಲಿ ನಾನು ಏಣಿ ಹತ್ತಿ, ಅಂಗೈಯಗಲ ಜಾಗವನ್ನು ಉಜ್ಜಿ ಕನ್ನಡಿ ಮಾಡಿ, ಆಸಿಡ್ ಒರೆಸಿ, ಮೆತ್ತಗಾಗಿಸಿದ ಪ್ಲಾಸ್ಟಿಕ್ ಹಾಳೆಯನ್ನು ಒತ್ತಿ ಅಚ್ಚು ತೆಗೆಯುತ್ತೇನೆ. ಉಕ್ಕಿನ ಮೇಲೆ ಇರುವುದೆಲ್ಲ ಹಾಳೆಯ ಮೇಲೆ ಮೂಡುತ್ತದೆ. ಅದನ್ನು ನಮ್ಮ ಪ್ರಯೋಗಾಲಯದ ಸೂಜಿ ಮೇಡಂ ನೋಡಿ, ತೂತು ಇದೆಯೋ ಇಲ್ಲವೋ ಎಂದು ವರದಿ ಬರೆಯುತ್ತಾರೆ. ಸೂಜಿ ಎಂದು ಹೆಸರಿಟ್ಟವನು ನಾನೇ. ಅವರ ಮಾತಿಗೆ ಒಮ್ಮೆ ಸಿಕ್ಕಿಕೊಂಡವರು ಕಾರಣ ಕೇಳಿಲ್ಲ.

ಹಳೆಯ ಪದ್ಧತಿಯಲ್ಲಿ ಎಲ್ಲವೂ ಕೈಯಲ್ಲೇ. ಉಜ್ಜು, ಆಸಿಡ್ ಒರೆಸು, ಮತ್ತೆ ಉಜ್ಜು, ಮತ್ತೆ ಆಸಿಡ್, ಹೀಗೆ ನಾಲ್ಕು ಸುತ್ತು. ಒಂದು ಜಾಗಕ್ಕೆ ಅರ್ಧ ದಿನ. ನನ್ನಂಥ ಪ್ರತಿಭಾವಂತನ ಆಯುಷ್ಯ ಹೀಗೆ ಸವೆಯುವುದು ಲೋಕಕ್ಕೇ ನಷ್ಟವೆಂದು ನಾನು ಒಂದು ಕೈಮಷೀನು ಕಟ್ಟಿದೆ. ಅದರ ತುದಿಯಲ್ಲಿ ಉಣ್ಣೆಯ ಬಿಲ್ಲೆ ಗರಗರ ತಿರುಗುತ್ತದೆ. ಒತ್ತಿ ಹಿಡಿದರೆ ಸಾಕು, ಒಂದೇ ಸುತ್ತಿನಲ್ಲಿ ಕನ್ನಡಿ. ಆಮೇಲೆ ಒಂದು ಸಲ ಆಸಿಡ್ ಒರೆಸಿದರೆ ಮುಗಿಯಿತು.

ನನ್ನ ಅಕ್ಕನ ಗಂಡ ವಿದ್ಯುತ್ ಸ್ಥಾವರವೊಂದರ ಬಾಯ್ಲರ್ ಮನೆಯಲ್ಲಿ ಪಾಳಿಯ ಮುಖ್ಯಸ್ಥರು. ಇಪ್ಪತ್ತೆರಡು ವರ್ಷದಿಂದ ಅವರ ಮೇಜು ಹಬೆಯ ಪೈಪಿನ ತಿರುವಿನ ಕೆಳಗೇ ಇದೆ. ಆ ತಿರುವಿನ ಮೇಲೆ ಉಜ್ಜಲು ನಾನು ಹೋದ ದಿನ ಅವರು ಕೆಳಗೆ ನಿಂತು ಕುತ್ತಿಗೆ ಎತ್ತಿ ಕೇಳಿದರು:

"ಏನಪ್ಪಾ, ಇವತ್ತಿಗೆ ಮುಗಿಯುತ್ತೋ, ಇಲ್ಲ ನಾನು ರಿಟೈರ್ ಆಗೋವರೆಗೂ ಅಲ್ಲೇ ಇರ್ತೀಯೋ?"

"ಅರ್ಧ ಗಂಟೆ ಭಾವ. ಗಡಿಯಾರ ನೋಡ್ಕೊಳ್ಳಿ."

"ನಿನ್ನ ಅರ್ಧ ಗಂಟೆ ನಂಗೊತ್ತಿಲ್ವಾ. ನಮ್ಮನೆ ನಲ್ಲಿ ಅರ್ಧ ಗಂಟೇಲಿ ಸರಿ ಮಾಡ್ತೀನಿ ಅಂದೆ. ಮೂರು ದಿನ ಪಕ್ಕದ್ಮನೇಲಿ ಸ್ನಾನ ಮಾಡಿದೀವಿ."

ಅವರ ಕೆಳಗಿನ ಕೆಲಸಗಾರರು ನಕ್ಕರು. ಭಾವ ಕೈಗಡಿಯಾರ ಬಿಚ್ಚಿ ಮೇಜಿನ ಮೇಲಿಟ್ಟರು. ನಾನು ಬಿಲ್ಲೆಯನ್ನು ಪೈಪಿಗೆ ಒತ್ತಿದೆ. ಸುಮ್ಮನೆ ಒತ್ತಲಿಲ್ಲ, ಭುಜದ ಭಾರವನ್ನೆಲ್ಲ ಹಾಕಿ ಒತ್ತಿದೆ. ಇಪ್ಪತ್ತೆಂಟನೇ ನಿಮಿಷಕ್ಕೆ ಅಚ್ಚು ನನ್ನ ಕೈಯಲ್ಲಿತ್ತು. ಭಾವ ಏಣಿ ಹತ್ತಿ ಬಂದು, ಆ ಕನ್ನಡಿಯಲ್ಲಿ ಮೀಸೆ ತೀಡಿಕೊಂಡು, "ಒಪ್ಪಿದೆ ಮಾರಾಯ," ಎಂದರು. ಭಾವನ ಬಾಯಿಂದ ಆ ಮಾತು ಹೊರಡಿಸಿದ ಮನುಷ್ಯ ಭೂಮಿಯ ಮೇಲೆ ನಾನೊಬ್ಬನೇ. ಪಾಳಿ ಬದಲಾಗುವುದರೊಳಗೆ ಕ್ಯಾಂಟೀನಿನಲ್ಲಿ ನನ್ನ ಇಪ್ಪತ್ತೆಂಟು ನಿಮಿಷ ಹದಿನೆಂಟಾಗಿತ್ತು, ಮನೆ ಮುಟ್ಟುವಷ್ಟರಲ್ಲಿ ಎಂಟು.

ಸೂಜಿ ಮೇಡಂ ಅಚ್ಚು ನೋಡಿ ಬರೆದರು: ಹರಳುಗಳು ಸರಿಯಾಗಿವೆ, ತೂತು ಕಂಡಿಲ್ಲ.

ಹನ್ನೊಂದು ದಿನ ಕಳೆದ ಮೇಲೆ, ಬೆಳಗ್ಗೆ ನಾನು ಕೆಲಸಕ್ಕೆ ಹೋಗುತ್ತಲೇ ಮೇಡಂ ಹೆಬ್ಬೆರಳಗಲದ ಒಂದು ಉಕ್ಕಿನ ತುಂಡನ್ನು ನನ್ನ ಮೇಜಿನ ಮೇಲಿಟ್ಟರು. ಯಾವುದೋ ಕಾಲದಲ್ಲಿ ಒಡೆದ ಪೈಪಿನದು. ಅದನ್ನು ತಮ್ಮ ಡ್ರಾಯರಿನಲ್ಲಿ ಬಟ್ಟೆ ಸುತ್ತಿಟ್ಟಿರುತ್ತಿದ್ದರು.

"ನಾಳೆ ಕಾಲೇಜಿನ ಮಕ್ಕಳು ಬರ್ತಾರೆ. ತೂತು ಅಂದ್ರೆ ಹೇಗಿರುತ್ತೆ ಅಂತ ತೋರಿಸ್ಬೇಕು. ತುಕ್ಕು ಹಿಡಿದಿದೆ, ಹೊಳಪಿಸಿಕೊಡಿ."

"ಎಷ್ಟು ನಿಮಿಷದಲ್ಲಿ ಬೇಕು ಹೇಳಿ ಮೇಡಂ."

"ನಿಮಿಷ ಬೇಡ ನಂಗೆ. ತೂತು ಬೇಕು."

ಮಷೀನು ಹಿಡಿದು, ನಿಂತಲ್ಲೇ ಹೊಳಪಿಸಿ, ಆಸಿಡ್ ಒರೆಸಿ ಕೊಟ್ಟೆ. ಅವರು ಸೂಕ್ಷ್ಮದರ್ಶಕಕ್ಕೆ ಕಣ್ಣಿಟ್ಟರು. ಬಹಳ ಹೊತ್ತು ತಲೆ ಎತ್ತಲಿಲ್ಲ.

"ಯಾವ ತುಂಡು ಇದು?"

"ನೀವೇ ಕೊಟ್ಟಿದ್ದಲ್ವಾ."

"ಇದ್ರಲ್ಲಿ ತೂತಿಲ್ಲ."

"ನನ್ನ ಕೈ ತಾಗಿ ವಾಸಿಯಾಗಿರ್ಬೇಕು ಮೇಡಂ," ಎಂದು ನಾನು ನಕ್ಕೆ.

ಅವರು ನಗಲಿಲ್ಲ. "ಈ ಪೈಪು ಒಡೆದಾಗ ಒಬ್ಬರು ಸತ್ರು. ಈ ತುಂಡಲ್ಲಿ ತೂತು ಎಣಿಸಿ ಬರೆದೋಳು ನಾನು. ಎಲ್ಲಿ ಹೋದವು?"

ಹತ್ತಿಯಲ್ಲಿ ಆಸಿಡ್ ಅದ್ದಿ ಅವರೇ ಒರೆಸಿದರು. ತೊಳೆದರು, ನೋಡಿದರು, ಬಟ್ಟೆಯ ಮೇಲೆ ಹಗುರವಾಗಿ ಕೈಯಿಂದಲೇ ಉಜ್ಜಿದರು, ಮತ್ತೆ ಒರೆಸಿದರು. ಮೂರನೇ ಸುತ್ತು ಮುಗಿದಾಗ ಅವರ ತುಟಿ ಬಿಗಿಯಾಯಿತು. ನಾಲ್ಕನೆಯದಾದ ಮೇಲೆ ಕುರ್ಚಿ ಬಿಟ್ಟು ಎದ್ದು, "ಬನ್ನಿ, ನೋಡಿ," ಎಂದರು.

ನೋಡಿದೆ. ಹರಳುಗಳ ಅಂಚಿಗುಂಟ ಕಪ್ಪು ಚುಕ್ಕಿಗಳು, ಮಳೆ ನಿಂತ ಮೇಲೆ ಬಟ್ಟೆ ಒಣಹಾಕುವ ತಂತಿಗೆ ನೇತುಬಿದ್ದ ಹನಿಗಳ ಹಾಗೆ, ಒಂದರ ಪಕ್ಕ ಒಂದು.

"ಬಿಲ್ಲೆ ಒತ್ತಿ ತಿರುಗಿಸಿದ್ರೆ ಮೇಲಿನ ಉಕ್ಕು ಹರಡ್ಕೊಳ್ಳುತ್ತೆ," ಎಂದರು ಮೇಡಂ. "ಗೋಡೆ ತೂತಿಗೆ ಸುಣ್ಣ ಮೆತ್ತಿದ ಹಾಗೆ. ಆ ಪೊರೆ ತೆಗೆಯೋಕೇ ನಾಲ್ಕು ಸುತ್ತು ಆಸಿಡ್ ಇರೋದು. ನೀವು ಹೊಳಪು ಕೊಟ್ಟಿಲ್ಲ. ಮುಚ್ಚಿದೀರಿ."

ಒಂದು ಪ್ರಶ್ನೆಗೆ ಹತ್ತು ಉತ್ತರ ಕೊಡುವ ನನ್ನ ಬಾಯಿಂದ ಹೊರಟದ್ದು ಎರಡೇ ಮಾತು. "ಭಾವನ ಪೈಪು."

ಆ ದಿನ ಬೆಳಗ್ಗೆ ಹತ್ತಕ್ಕೆ ಅವರ ಬಾಯ್ಲರ್‌ಗೆ ಮತ್ತೆ ಬೆಂಕಿ ಹಾಕುವುದಿತ್ತು. ಗೋಡೆಯ ಗಡಿಯಾರ ಹತ್ತೂ ನಲವತ್ತು ತೋರಿಸುತ್ತಿತ್ತು.

ಬಾಯ್ಲರ್ ಮನೆಯೊಳಗೆ ಫೋನು ಒಯ್ಯುವಂತಿಲ್ಲ, ಅಲ್ಲಿನ ಮೇಜಿನ ಫೋನಿಗೆ ಸ್ಥಾವರದ ಒಳಗಿನಿಂದ ಮಾತ್ರ ಕರೆ ಹೋಗುತ್ತದೆ. ಭಾವನ ಫೋನು ಬೀರುವಿನೊಳಗೆ ರಿಂಗಾಗಿ ಸುಮ್ಮನಾಯಿತು. ಸ್ಥಾವರದ ಮ್ಯಾನೇಜರಿಗೆ ಫೋನು ಹಚ್ಚಿದೆ. ನನ್ನ ದನಿ ಕೇಳುತ್ತಲೇ ಅವರು, "ಓಹೋ, ಬಿರುಕಿನ ವಾಸನೆ ಹಿಡಿಯೋರು," ಎಂದರು. ಗೇಟಿನಲ್ಲಿ ನಿಂತು ಮೂಗರಳಿಸಿದರೆ ಯಾವ ಪೈಪು ಬಿರಿದಿದೆ ಎಂದು ಹೇಳಬಲ್ಲೆ ಎಂದು ಹಿಂದೊಮ್ಮೆ ಅವರ ಕ್ಯಾಂಟೀನಿನಲ್ಲಿ ಹೇಳಿದ್ದುಂಟು.

"ಸಾರ್, ಬಾಯ್ಲರ್ ನಿಲ್ಸಿ. ತಿರುವಿನಲ್ಲಿ ತೂತಿರಬಹುದು."

"ಎಷ್ಟಿವೆ?"

"ಲಕ್ಷಾಂತರ," ಎಂದುಬಿಟ್ಟೆ. ಅಭ್ಯಾಸಬಲ. ಆ ಕಡೆ ನಗು ಕೇಳಿಸಿತು, ಆಮೇಲೆ ಫೋನು ಇಟ್ಟ ಸದ್ದು.

ಮೇಡಂ ತಮ್ಮ ಫೋನಿನಿಂದ ಹಚ್ಚಿದರು. ಅವರಿಗೆ ಮ್ಯಾನೇಜರು ಮರ್ಯಾದೆಯಿಂದಲೇ ಮಾತಾಡಿದರಂತೆ: "ತೂತಿಲ್ಲ ಅಂತ ನಿಮ್ಮ ಸಹಿ ಇರೋ ವರದಿ ನನ್ನ ಮುಂದಿದೆ. ಈಗ ಇದೆ ಅಂತೀರಾ?"

"ಇದೆ ಅನ್ನಲ್ಲ. ಇಲ್ಲ ಅಂತ ಹೇಳೋಕಾಗಲ್ಲ, ಅಷ್ಟೇ."

"ಹಾಗಾದ್ರೆ ಬರೆದು ಕಳಿಸಿ ಮೇಡಂ. ನೋಡೋಣ."

ವರದಿಯನ್ನು ನಂಬಬೇಡಿ, ಮತ್ತೆ ಪರೀಕ್ಷಿಸಬೇಕು ಎಂದಷ್ಟೇ ಬರೆಯಲು ಮೇಡಂ ಕೂತರು. ನಾನು ಸ್ಕೂಟರ್ ಹತ್ತಿದೆ. ಆವತ್ತು ನಾನು ಹೋದ ವೇಗಕ್ಕೆ ನನ್ನ ನೆರಳು ಎರಡು ಬೀದಿ ಹಿಂದೆ ಬಿತ್ತು. ಆದರೂ ಆ ದಾರಿಯಷ್ಟು ಉದ್ದದ ದಾರಿಯನ್ನು ನಾನು ಬೇರೆ ಕಂಡಿಲ್ಲ.

ಬಾಯ್ಲರ್ ಮನೆಯ ಬಾಗಿಲಲ್ಲೇ ಬಿಸಿ ಮುಖಕ್ಕೆ ಹೊಡೆಯಿತು. ನಾನು ಹೊಳಪಿಸಿದ್ದ ಜಾಗ ಕಾಣುತ್ತಿರಲಿಲ್ಲ. ಪೈಪಿನ ಮೇಲೆ ದಪ್ಪ ಹೊದಿಕೆ ಸುತ್ತಿ ತಗಡು ಹೊಡೆದಿದ್ದರು. ಅದರ ಕೆಳಗೆ, ಮೇಜಿನ ಪಕ್ಕ ನಿಂತು, ಭಾವ ಒತ್ತಡದ ಮುಳ್ಳು ಏರುವುದನ್ನು ನೋಡುತ್ತಿದ್ದರು. ಜೊತೆಗೆ ಇಬ್ಬರು ಕೆಲಸಗಾರರು.

"ಏನೋ ಇಲ್ಲಿ? ಅಕ್ಕ ಊಟ ಕಳ್ಸಿದ್ಲಾ?"

"ಭಾವ, ಬೆಂಕಿ ಆರ್ಸಿ."

"ಯಾಕೆ, ಗೇಟಲ್ಲೇ ವಾಸನೆ ಬಂತಾ?"

ಇಬ್ಬರೂ ಕೆಲಸಗಾರರು ನಕ್ಕರು.

"ಮೇಲೆ ತಿರುವಲ್ಲಿ ತೂತಿರಬಹುದು."

"ಎಷ್ಟಪ್ಪಾ? ಕೋಟಿ?"

ಕೋಟಿ ಎನ್ನುವುದು ನನ್ನ ನಾಲಿಗೆಯ ತುದಿಯಲ್ಲೇ ಇತ್ತು. ನುಂಗಿಕೊಂಡೆ. "ಗೊತ್ತಿಲ್ಲ," ಎಂದೆ.

ಭಾವ ಮುಳ್ಳಿನಿಂದ ಕಣ್ಣು ಕಿತ್ತು ನನ್ನನ್ನು ನೋಡಿದರು. ಅಕ್ಕನ ಮದುವೆಯಾದಾಗಿನಿಂದ ನನ್ನ ಬಾಯಲ್ಲಿ ಆ ಶಬ್ದವನ್ನು ಅವರು ಕೇಳಿದವರಲ್ಲ.

"ಏನಂದೆ?"

"ಗೊತ್ತಿಲ್ಲ ಭಾವ. ಒಂದೂ ಇಲ್ದೇನೂ ಇರಬಹುದು. ನಾನು ಕೆಲಸ ಕೆಡಿಸಿದೀನಿ. ನಾಲ್ಕು ಸುತ್ತು ಮಾಡ್ಬೇಕಿತ್ತು, ಒಂದೇ ಮಾಡ್ದೆ. ತೂತಿದ್ರೂ ಮುಚ್ಚಿಹೋಗಿರುತ್ತೆ. ಗಡಿಯಾರ ನೋಡ್ಕೊಂಡು ಮಾಡಿದ್ದು."

"ನನ್ನ ಗಡಿಯಾರ," ಎಂದರು ಭಾವ.

ಕೆಲಸಗಾರರ ನಗು ನಿಂತಿತ್ತು. ಭಾವ ಒಮ್ಮೆ ಮೇಲೆ ನೋಡಿದರು, ಒಮ್ಮೆ ಮುಳ್ಳನ್ನು.

"ನಾನು ಆರ್ಸಿ, ಆಮೇಲೆ ಒಂದೂ ತೂತಿಲ್ಲ ಅಂತಾದ್ರೆ ನನ್ನ ಕೆಲಸ ಹೋಗುತ್ತೆ. ಗೊತ್ತಲ್ವಾ?"

"ಗೊತ್ತು."

"ಇದ್ರೆ ನಿಂದು ಹೋಗುತ್ತೆ."

"ಅದೂ ಗೊತ್ತು ಭಾವ."

ಅವರು ಕೆಲಸಗಾರರ ಕಡೆ ತಿರುಗಿ, "ನೀವಿಬ್ರೂ ಟೀ ಕುಡ್ಕೊಂಡು ಬನ್ನಿ. ಅವಸರ ಇಲ್ಲ, ನಿಧಾನಕ್ಕೆ ಬನ್ನಿ," ಎಂದರು. ಅವರು ಹೋದ ಮೇಲೆ ನನಗೆ, "ನೀನೂ ಹೊರಡು," ಎಂದರು. ನಾನು ಕದಲಲಿಲ್ಲ. ಧೈರ್ಯದಿಂದಲ್ಲ. ಹೊರಗೆ ನಿಂತರೆ ಮುಳ್ಳು ಕಾಣುವುದಿಲ್ಲ.

ಭಾವ ಬೆಂಕಿ ಆರಿಸಿದರು. ಆರಿಸಿದ ತಕ್ಷಣ ಹಬೆ ಸಾಯುವುದಿಲ್ಲ. ಮುಳ್ಳು ಹಿಂದಕ್ಕೆ ಬರುವ ಮೊದಲು ಇನ್ನೊಂದಿಷ್ಟು ಮೇಲೇರಿತು. ಅಷ್ಟರಲ್ಲಿ ನನ್ನ ತಲೆಗೂದಲು ಅರ್ಧ ಬೆಳ್ಳಗಾಯಿತು, ಬೇಕಾದರೆ ಬಂದು ಎಣಿಸಿ. ಆಮೇಲೆ ಅದು ನಿಂತಿತು. ನಿಂತೇ ಇತ್ತು. ಆಮೇಲೆ ಕೂದಲೆಳೆಯಷ್ಟು ಇಳಿಯಿತು. ಹೊದಿಕೆಯ ತಗಡು ಎಲ್ಲೋ ಒಂದು ಕಡೆ ಟಕ್ಕೆಂದಿತು. ತಣಿಯುವ ತಗಡು ಸದ್ದು ಮಾಡುವುದು ನನಗೂ ಗೊತ್ತು, ಭಾವನಿಗೂ ಗೊತ್ತು. ಆದರೂ ಇಬ್ಬರೂ ಒಟ್ಟಿಗೆ ತಲೆ ತಗ್ಗಿಸಿದೆವು.

ಮೇಜಿನ ಫೋನು ಹೊಡೆದುಕೊಂಡಿತು. ಭಾವ ಎತ್ತಿ, "ಹೌದು ಸಾರ್, ನಾನೇ ಆರಿಸಿದ್ದು. ಇಲ್ಲ, ಯಾರೂ ಹೇಳಿಲ್ಲ. ನನ್ನ ಪಾಳಿ, ನನ್ನ ತೀರ್ಮಾನ," ಎಂದು ಇಟ್ಟರು. ಸಂಜೆಯೊಳಗೆ ಅವರನ್ನು ಮನೆಗೆ ಕಳಿಸಿದರು.

ಪೈಪು ಕೈಮುಟ್ಟುವಷ್ಟು ತಣ್ಣಗಾಗಲು ಮೂರು ದಿನ. ಎರಡನೇ ದಿನ ಅಕ್ಕನ ಮನೆಗೆ ಹೋದೆ. ಅಕ್ಕ ಬಾಗಿಲಲ್ಲೇ ತಡೆದಳು.

"ಕಿಟಕಿ ಗಾಜು ಒರೆಸ್ತಿದ್ದಾರೆ ನೋಡು. ಬೆಳಗ್ಗಿಂದ ಮೂರನೇ ಸಲ. ಮಾತಿಲ್ಲ, ಕಥೆಯಿಲ್ಲ." ದನಿ ತಗ್ಗಿಸಿದಳು. "ಲೋ, ನಾನು ದೇವರ ಹತ್ರ ಏನಂತ ಕೇಳ್ಕೊಳ್ಳಲಿ? ನೀನು ಹೇಳಿದ್ದು ನಿಜ ಆಗ್ಲಿ ಅಂತಲಾ, ಸುಳ್ಳಾಗ್ಲಿ ಅಂತಲಾ?"

ತೂತಿದ್ದರೆ, ನಾನು ಭಾವನನ್ನು ಹೆಚ್ಚುಕಡಿಮೆ ಕೊಂದಿದ್ದೆ. ಇಲ್ಲದಿದ್ದರೆ, ಸುಮ್ಮನೆ ಅವರ ಕೆಲಸ ಕಳೆದಿದ್ದೆ. ಒಳಗೆ ಭಾವ ಬಟ್ಟೆ ಹಿಂಡುವ ಸದ್ದು ಕೇಳಿಸುತ್ತಿತ್ತು. ಬಂದ ದಾರಿಯಲ್ಲೇ ವಾಪಸಾದೆ.

ನಾಲ್ಕನೇ ದಿನ ಬೆಳಗ್ಗೆ ಹೊದಿಕೆ ಬಿಚ್ಚಿಸಿದರು. ಮಷೀನನ್ನು ಮನೆಯಲ್ಲೇ ಬಿಟ್ಟು ಹೋಗಿದ್ದೆ. ಉಜ್ಜುವ ಎಮರಿ ಕಾಗದ, ಬಟ್ಟೆ, ಹತ್ತಿ, ಆಸಿಡ್. ಉಜ್ಜಿದೆ, ಒರೆಸಿದೆ, ಮತ್ತೆ ಉಜ್ಜಿದೆ. ಪ್ರತಿ ಸುತ್ತಿಗೂ ಹೊಳಪು ತುಸು ಮಂಕಾಗುತ್ತ ಬಂತು. ನನ್ನ ಇಡೀ ಆಯುಷ್ಯದಲ್ಲಿ ನಾನು ಮಾಡಿದ ಅತಿ ಸಪ್ಪೆ ಹೊಳಪು ಅದು. ಸೂಜಿ ಮೇಡಂ ಅಟ್ಟಣಿಗೆಯ ಮೇಲೆ ನನ್ನ ಪಕ್ಕದಲ್ಲೇ ಮಂಡಿಯೂರಿ ಕೂತು, ಅಚ್ಚು ಒಣಗುವುದನ್ನೇ ಕಾದು, ಅಲ್ಲೇ ಸಣ್ಣ ಸೂಕ್ಷ್ಮದರ್ಶಕದಲ್ಲಿ ನೋಡಿದರು. ಕೆಳಗೆ ಮ್ಯಾನೇಜರು. ಅವರ ಹಿಂದೆ, ಕರೆಸಿಕೊಂಡ ಭಾವ.

"ಇವೆ," ಎಂದರು ಮೇಡಂ. "ಸಾಲುಗಟ್ಟಿವೆ. ಎರಡು ಕಡೆ ಕೂಡ್ಕೊಂಡಿವೆ."

"ಎಷ್ಟಿವೆ?" ಮ್ಯಾನೇಜರು ಕೇಳಿದ್ದು ನನ್ನನ್ನು. ನಾನು ಮೇಡಂ ಕಡೆ ಕೈ ತೋರಿಸಿದೆ.

"ಎಣಿಸೋ ಹಂತ ದಾಟಿದೆ," ಎಂದರು ಮೇಡಂ. "ಪೈಪು ಬದಲಿಸಿ."

ಭಾವ ಹೋಗಿ ತಮ್ಮ ಮೇಜಿನ ಮುಂದೆ ಕೂತರು. ಎದ್ದು, ಕುರ್ಚಿಯನ್ನು ತಿರುವಿನ ಕೆಳಗಿಂದ ನಾಲ್ಕು ಹೆಜ್ಜೆ ಆಚೆಗೆ ಎಳೆದುಕೊಂಡು, ಮತ್ತೆ ಕೂತರು. ಪೈಪು ತಣ್ಣಗಿತ್ತು, ಖಾಲಿಯಿತ್ತು. ಆದರೂ ಎಳೆದುಕೊಂಡರು.

ನಾನು ಇಳಿದು ಬಂದಾಗ ಮ್ಯಾನೇಜರು ನನ್ನ ಎರಡೂ ಕೈ ಹಿಡಿದುಕೊಂಡರು. "ನಿಮ್ಮ ಮೂಗಿನ ವಿಷಯ ನಾನು ನಂಬಿರ್ಲಿಲ್ಲ. ಕ್ಷಮಿಸಿ. ಇಡೀ ಬಾಯ್ಲರ್ ಮನೆ ಉಳಿಸಿದ್ರಿ." ಸುತ್ತ ನಿಂತವರು ಚಪ್ಪಾಳೆ ತಟ್ಟಿದರು. ಯಾರೋ ಒಬ್ಬ, ಕೈ ಸೋಕಿಸಿಯೇ ತೂತು ಕಂಡುಹಿಡಿದರಂತೆ ಎಂದು ಪಕ್ಕದವನಿಗೆ ಹೇಳುತ್ತಿದ್ದ. ಅಂಥ ಕಥೆಯನ್ನು ನಾನೇ ಕಟ್ಟಿದ್ದರೂ ಅಷ್ಟು ಚೆನ್ನಾಗಿ ಕಟ್ಟುತ್ತಿರಲಿಲ್ಲ. ಸುಮ್ಮನೆ ತಲೆ ಆಡಿಸಿದ್ದರೆ ಸಾಕಿತ್ತು, ಅದು ಸಾಯುವವರೆಗೂ ನನ್ನದಾಗುತ್ತಿತ್ತು.

ಭಾವ ದೂರದಿಂದ ನೋಡುತ್ತಿದ್ದರು. ಮೇಡಂ ಸಾಮಾನು ಚೀಲಕ್ಕೆ ತುಂಬುತ್ತ, ತಲೆ ಎತ್ತದೆ ಕೇಳಿದರು:

"ಆ ಮಷೀನು ಇನ್ನೂ ಎಲ್ಲೆಲ್ಲಿ ಬಳಸಿದೀರಿ?"

ಚಪ್ಪಾಳೆ ನಿಂತಿರಲಿಲ್ಲ. "ಹತ್ತೊಂಬತ್ತು ಕಡೆ," ಎಂದೆ. ಸಾವಿರಕ್ಕೆ ಕಡಿಮೆ ಯಾವ ಸಂಖ್ಯೆಯನ್ನೂ ಹೇಳಿ ಗೊತ್ತಿಲ್ಲದ ಬಾಯಿಗೆ ಅದನ್ನು ಹೇಳುವುದು ಎಷ್ಟು ಕಷ್ಟವೆಂದು ನಿಮಗೆ ಹೇಗೆ ತಿಳಿಸಲಿ. "ಹತ್ತೊಂಬತ್ತು. ಎಲ್ಲಾ ತೂತಿಲ್ಲ ಅಂತ ಬರೆದಿದೀವಿ." ಆಮೇಲೆ ಮ್ಯಾನೇಜರ ಕೈಯಿಂದ ನನ್ನ ಕೈ ಬಿಡಿಸಿಕೊಂಡು, ಈ ಪೈಪಿಗೆ ಆದದ್ದೇನು ಎಂದು ಇದ್ದದ್ದು ಇದ್ದಂತೆ ಹೇಳಿದೆ. ಅವರ ಮುಖ ಮೆಲ್ಲಗೆ ಬದಲಾಯಿತು. ಅದನ್ನು ನಾನು ವರ್ಣಿಸುವುದಿಲ್ಲ.

ಮಧ್ಯಾಹ್ನ ಪ್ರಯೋಗಾಲಯದಲ್ಲಿ ಹಳೆಯ ವರದಿಗಳನ್ನು ಹರಡಿಕೊಂಡು ಕೂತೆ. ಮೇಡಂ ಒಂದೊಂದೇ ಹೆಸರು, ಫೋನು ನಂಬರು ಓದಿದರು. ನಾನು ಹಚ್ಚಿದೆ. ಮೊದಲನೆಯ ಕಡೆ ಹೇಳುವಾಗ, ಉಣ್ಣೆಯ ಬಿಲ್ಲೆ ಒಳ್ಳೆಯದೇ, ಆದರೆ ಎಂದು ಶುರುಮಾಡಿದೆ. ಮೇಡಂ ನನ್ನನ್ನು ನೋಡಿದರು. ಎರಡನೆಯ ಕಡೆಯಿಂದ ನೇರವಾಗಿ ಹೇಳತೊಡಗಿದೆ. ಕೆಲವರು ಬೈದರು, ಕೆಲವರು ಕೂಡಲೇ ಆರಿಸುತ್ತೇವೆ ಎಂದರು. ಇಬ್ಬರು ಮುಂದಿನ ರಿಪೇರಿ ಬರಲಿ ನೋಡೋಣ ಎಂದರು. ಅವರಿಗೆ ಮೇಡಂ ಮತ್ತೆ ತಾವೇ ಹಚ್ಚಿದರು. ಮೂರು ಕಡೆ ಯಾರೂ ಎತ್ತಲಿಲ್ಲ.

ಹದಿನೇಳನೆಯ ಕಡೆ ಫೋನು ಎತ್ತಿದವನು ಪೈಪಿನ ಹತ್ತಿರವೇ ಇದ್ದಿರಬೇಕು. ಅವನ ದನಿಗಿಂತ ಹಬೆಯ ಸದ್ದೇ ದೊಡ್ಡದಿತ್ತು.

"ಯಾರು? ಕೇಳಿಸ್ತಿಲ್ಲ."

"ಹೊಳಪು ಕೊಡೋನು. ನಿಮ್ಮ ಪೈಪು ನೋಡಿದ್ನಲ್ಲ, ಅದೇ ನಾನು."

"ಹಾಂ, ಗೊತ್ತಾಯ್ತು. ಚೆನ್ನಾಗಿ ಮಾಡಿದ್ರಿ. ಏನು ವಿಷಯ?"

"ಚೆನ್ನಾಗಿ ಮಾಡಿಲ್ಲ. ನನ್ನ ಕೆಲಸ ತಪ್ಪಾಗಿದೆ."

"ಏನಾಗಿದೆ? ಜೋರಾಗಿ ಹೇಳಿ."

ನಾನು ಎದ್ದು ನಿಂತು ಇನ್ನೂ ಜೋರಾಗಿ ಹೇಳಿದೆ. ಪಕ್ಕದ ಕೋಣೆಯವರು ಬಾಗಿಲಿಗೆ ಬಂದು ನಿಂತರು. ಆ ಕಡೆಯವನಿಗೆ ಇನ್ನೂ ಅರ್ಧವೇ ಕೇಳಿಸಿತ್ತು. ಮೂರನೇ ಸಲ, ಗಂಟಲು ಹರಿಯುವಂತೆ, ಒಂದೊಂದೇ ಮಾತು ಬಿಡಿಸಿ ಕೂಗಿದೆ: ನಾನು ತಪ್ಪು ಮಾಡಿದ್ದೇನೆ, ಆ ಪೈಪನ್ನು ನಂಬಬೇಡಿ, ಆರಿಸಿ, ಅದರ ಹತ್ತಿರ ಯಾರನ್ನೂ ನಿಲ್ಲಿಸಬೇಡಿ.

"ಇರಿ," ಎಂದ ಅವನು. "ಬರ್ಕೊಂಡು ಒಳಗೆ ಕೊಡ್ತೀನಿ. ಪೆನ್ನು ಎಲ್ಲಿಟ್ನೋ, ಹುಡುಕ್ತೀನಿ."

"ಬರೆಯೋದು ಬೇಡ. ನೀವು ಅಲ್ಲಿಂದ ಮೊದಲು ಆಚೆ ಬನ್ನಿ," ಎಂದೆ.

ಅವನು ಫೋನನ್ನು ಮೇಜಿನ ಮೇಲೆ ಇಟ್ಟಾಗಿತ್ತು.